ನಾಟಿ ವೈದ್ಯರಿಗೆ ಕಾನೂನಿನ ಕಡಿವಾಣ: ಮರಾಠವಾಡದ ಗಡಿಯಿಂದ ಒಂದು ನೋಟ

ಹಿತ್ತಲ ಗಿಡ ಮದ್ದಲ್ಲ ಎಂಬ ಗಾದೆಯನ್ನು ಕೇಳಿ ಬೆಳೆದವರು ನಾವು. ಹತ್ತಿರದ್ದಕ್ಕೆ ಬೆಲೆಯಿಲ್ಲ ಎಂಬುದನ್ನು ಹೇಳಲು ಹಿರಿಯರು ಮಾಡಿದ ಮಾತು ಅದು. ಇಂದು ಅದೇ ಮಾತು ಕಾನೂನಿನ ಭಾಷೆಯಲ್ಲಿಯೂ ಹೆಚ್ಚು ಕಡಿಮೆ ನಿಜವಾಗಿದೆ. ಗಿಡ ಮದ್ದಾಗಬಹುದು, ಆದರೆ ಅದನ್ನು ಅರೆದು ಕೊಡುವವನ ಹೆಸರು ನೋಂದಣಿ ಪುಸ್ತಕದಲ್ಲಿ ಇಲ್ಲದಿದ್ದರೆ ಆತ ಅಪರಾಧಿ.

2018ರ ಎಪ್ರಿಲ್ 13ರಂದು ಸುಪ್ರೀಂ ಕೋರ್ಟು ಈ ಬಗ್ಗೆ ಕೊಟ್ಟ ತೀರ್ಪು ನಮ್ಮ ಕೇರಳದಿಂದಲೇ ಹೋದ ಮೊಕದ್ದಮೆಯಲ್ಲಿ ಬಂದದ್ದು. ಪಾರಂಪರಿಕ ವೈದ್ಯರ ಸಂಘಟನೆಯೊಂದು, ತಲೆತಲಾಂತರದಿಂದ ಬಂದ ವೃತ್ತಿಯನ್ನು ನಡೆಸಲು ತಮ್ಮ ಸದಸ್ಯರಿಗೆ ಅವಕಾಶ ಕೊಡಬೇಕೆಂದು ಕೇಳಿ, ಹೈಕೋರ್ಟಿನಲ್ಲಿ ಸೋತು ದೆಹಲಿಗೆ ಹೋಗಿತ್ತು. ಅಲ್ಲಿಯೂ ಸೋಲೇ ಆಯಿತು. ಮಾನ್ಯತೆ ಪಡೆದ ವಿದ್ಯಾರ್ಹತೆ ಮತ್ತು ನೋಂದಣಿ ಇಲ್ಲದವರು ಪಾರಂಪರಿಕ ವೈದ್ಯರೆಂಬ ಹೆಸರಿನಲ್ಲಿ ಚಿಕಿತ್ಸೆ ಮಾಡುವಂತಿಲ್ಲ ಎಂದು ನ್ಯಾಯಪೀಠ ನಿಸ್ಸಂದಿಗ್ಧವಾಗಿ ಹೇಳಿತು. ಕಾಸರಗೋಡಿನ ನಾಟಿ ವೈದ್ಯರಿಗೆ ಸಂಬಂಧಿಸಿದ್ದೆಂದು ನಾವು ಓದಿ ಮರೆತ ಈ ತೀರ್ಪು ದೇಶಕ್ಕೆಲ್ಲ ಅನ್ವಯಿಸುವಂಥದು. ಅದು ಇನ್ನೊಂದು ಗಡಿನಾಡಿನಲ್ಲಿ ಹೇಗೆ ಕಾಣುತ್ತದೆ ಎಂಬುದನ್ನು ನೋಡಿದರೆ ನಮ್ಮದೇ ಪರಿಸ್ಥಿತಿ ಹೆಚ್ಚು ಸ್ಪಷ್ಟವಾದೀತು.

ನಮ್ಮಂಥದೇ ಒಂದು ಗಡಿನಾಡು

ಆ ಗಡಿನಾಡು ಮರಾಠವಾಡದ ಉಮರ್ಗಾ, ನಿಲಂಗಾ ಮತ್ತು ಉದಗೀರ ತಾಲೂಕುಗಳು. ಉಮರ್ಗಾ ಸೋಲಾಪುರ-ಹೈದರಾಬಾದ್ ಹೆದ್ದಾರಿಯ ಮೇಲಿದೆ. ಉದಗೀರ 1760ರಲ್ಲಿ ಮರಾಠರು ನಿಜಾಮನನ್ನು ಸೋಲಿಸಿದ ಕೋಟೆಯ ಊರು. ಮೂರೂ ಹಳೆಯ ಹೈದರಾಬಾದ್ ರಾಜ್ಯಕ್ಕೆ ಸೇರಿದ್ದವು. ನಿಲಂಗಾ ಮತ್ತು ಉದಗೀರ ಬೀದರ ಜಿಲ್ಲೆಯಲ್ಲೇ ಇದ್ದವು. 1956ರ ನವೆಂಬರ್ 1ರಂದು, ಕಾಸರಗೋಡು ಕೇರಳದ ಪಾಲಾದ ಅದೇ ದಿನ, ಈ ತಾಲೂಕುಗಳು ಬೊಂಬಾಯಿ ರಾಜ್ಯಕ್ಕೂ ಬೀದರ ಮೈಸೂರಿಗೂ ಹೋದವು. 1982ರಲ್ಲಿ ಲಾತೂರು ಜಿಲ್ಲೆಯಾದಾಗ ನಿಲಂಗಾ, ಉದಗೀರಗಳು ಅದಕ್ಕೆ ಸೇರಿದವು. ಉಮರ್ಗಾ ಉಸ್ಮಾನಾಬಾದಿನಲ್ಲಿ, ಅಂದರೆ ಈಗಿನ ಧಾರಾಶಿವದಲ್ಲಿ, ಉಳಿಯಿತು. ಅಲ್ಲಿ ಆಡಳಿತದ ಭಾಷೆ ಮರಾಠಿ. ಆದರೆ ಗಡಿಯಂಚಿನ ಅನೇಕ ಮನೆಗಳಲ್ಲಿ ಇಂದಿಗೂ ಮಾತು ಕನ್ನಡವೇ. ಬೀಗತನ, ಸಂತೆ, ಜಾತ್ರೆಗಳೆಲ್ಲ ಆಳಂದ, ಬಸವಕಲ್ಯಾಣ, ಭಾಲ್ಕಿ, ಔರಾದಗಳ ಕಡೆಗೆ.

ಈ ಪ್ರದೇಶಕ್ಕೂ ಕನ್ನಡದ ವೈದ್ಯಕ್ಕೂ ಇರುವ ನಂಟು ಬಹಳ ಹಳೆಯದು. ಕಲ್ಯಾಣದ ಚಾಲುಕ್ಯ ವಂಶದ ರಾಜಕುಮಾರ ಕೀರ್ತಿವರ್ಮ ಪಶುಗಳ ರೋಗ ಮತ್ತು ಔಷಧಗಳ ಬಗ್ಗೆ ಗೋವೈದ್ಯ ಎಂಬ ಗ್ರಂಥವನ್ನು ಕನ್ನಡದಲ್ಲಿ ಬರೆದನು. ಹನ್ನೆರಡನೆಯ ಶತಮಾನದ ಶರಣರಲ್ಲಿ ವೈದ್ಯ ಸಂಗಣ್ಣ ಎಂಬ ವಚನಕಾರನಿದ್ದನು. ವೈದ್ಯವೇ ಅವನ ಕಾಯಕ. ಮುಂದೆ ಹದಿನಾಲ್ಕನೆಯ ಶತಮಾನದಲ್ಲಿ ಮಂಗರಾಜನು ವಿಷಚಿಕಿತ್ಸೆಯನ್ನೇ ವಸ್ತುವಾಗಿಟ್ಟುಕೊಂಡು ಖಗೇಂದ್ರಮಣಿದರ್ಪಣವನ್ನು ರಚಿಸಿದನು. ಅರಮನೆಯಿಂದ ಅನುಭವಮಂಟಪದವರೆಗೆ ಮಾನ್ಯವಾಗಿದ್ದ ಒಂದು ವಿದ್ಯೆ ಇಂದು ಪೊಲೀಸ್ ಠಾಣೆಯ ಬಾಗಿಲಿಗೆ ಬಂದು ನಿಂತಿದೆ.

ಕೆಲವು ಕಾಲದ ಹಿಂದೆ ರಜೆಯಲ್ಲಿ ಆ ಕಡೆ ಹೋಗಿದ್ದಾಗ, ಉಮರ್ಗಾ ತಾಲೂಕಿನ ಒಂದು ಹಳ್ಳಿಯಲ್ಲಿ ಎಲುಬು ಕಟ್ಟುವ ವೃದ್ಧರೊಬ್ಬರನ್ನು ನಾವು ಕಂಡೆವು. ಅವರ ತಂದೆ ಮತ್ತು ಅಜ್ಜ ಮಾಡುತ್ತಿದ್ದ ಕೆಲಸ ಅದೇ. ಮನೆಯಲ್ಲಿ ಫಲಕವಿಲ್ಲ, ದರಪಟ್ಟಿಯಿಲ್ಲ. "ನಾ ಸೂಜಿ ಮುಟ್ಟಾಂವ ಅಲ್ರೀ ಮಾಸ್ತರ. ಎಲುಬು ಕೂಡಸ್ತೀನಿ, ಬಿದಿರಿನ ದಬ್ಬಿ ಕಟ್ತೀನಿ. ಎಲುಬು ಚರ್ಮ ಹರಕೊಂಡು ಹೊರಗ ಬಂದಿತ್ತಂದ್ರ ಮುಟ್ಟಂಗಿಲ್ಲ, ಲಾತೂರಿಗೆ ಒಯ್ರಿ ಅಂತೀನಿ" ಎಂದರು. ಮಗನಿಗೆ ಈ ವಿದ್ಯೆ ಕಲಿಸಿದ್ದೀರಾ ಅಜ್ಜಾರೇ ಎಂದು ಕೇಳಿದೆವು. "ಯಾಕ ಕಲಿಸ್ಲಿರೀ? ನಾಳೆ ಪೊಲೀಸರು ಬಂದು ಅವನ್ನ ಒಯ್ದ್ರ ಯಾರು ಬಿಡಿಸ್ಯಾರು?" ಎಂದು ಸುಮ್ಮನಾದರು. ಈ ಪ್ರಶ್ನೆಗೆ ನಮ್ಮಲ್ಲಿ ಉತ್ತರವಿರಲಿಲ್ಲ. ಊರಿಗೆ ಬಂದ ಮೇಲೆ ಕಾಯಿದೆಗಳನ್ನು ತಿರುವಿ ನೋಡಿದಾಗ ವೃದ್ಧರ ಅಂಜಿಕೆ ಸುಳ್ಳಲ್ಲವೆಂದು ತಿಳಿಯಿತು.

ಮುಚ್ಚುತ್ತ ಬಂದ ಬಾಗಿಲು

ಸ್ವದೇಶಿ ವೈದ್ಯರ ನೋಂದಣಿಗಾಗಿ ಬೊಂಬಾಯಿ ಪ್ರಾಂತ ಕಾಯಿದೆ ಮಾಡಿದ್ದು 1938ರಲ್ಲಿ. ಆಗ ನಿಜಾಮನ ಆಳ್ವಿಕೆಯಲ್ಲಿದ್ದ ಮರಾಠವಾಡಕ್ಕೆ ಅದರ ಸಂಬಂಧವಿರಲಿಲ್ಲ. ಮಹಾರಾಷ್ಟ್ರ ರಾಜ್ಯವಾದ ಮೇಲೆ 1961ರ ವೈದ್ಯ ವೃತ್ತಿಗಾರರ ಕಾಯಿದೆ ಇಡೀ ರಾಜ್ಯಕ್ಕೆ ಒಂದೇ ನಿಯಮವನ್ನು ತಂದಿತು. ಪದವಿ ಇದ್ದವರಿಗೆ ನೋಂದಣಿ ಪುಸ್ತಕ, ಪದವಿ ಇಲ್ಲದೆಯೂ ಮೊದಲಿನಿಂದ ವೃತ್ತಿಯಲ್ಲಿದ್ದವರಿಗೆ ಬೇರೆ ಪಟ್ಟಿ, ಎರಡರಲ್ಲಿಯೂ ಇಲ್ಲದವರಿಗೆ ನಿಷೇಧ. ಹೀಗೆ ಒಂದು ತಲೆಮಾರಿಗೆ ರಿಯಾಯಿತಿ ಸಿಕ್ಕಿತು. ಆದರೆ ಪಟ್ಟಿಗೆ ಸೇರಬೇಕೆಂದರೆ ಅರ್ಜಿ ಬರೆಯಬೇಕು, ಪುರಾವೆ ತೋರಿಸಬೇಕು. ಕನ್ನಡ ಮಾತ್ರ ಬಲ್ಲ, ಕೆಲವೊಮ್ಮೆ ಓದುಬರಹವನ್ನೇ ಅರಿಯದ ಹಳ್ಳಿಯ ವೈದ್ಯನಿಗೆ ಮರಾಠಿ ಕಚೇರಿಯ ಆ ದಾರಿ ಎಷ್ಟು ದೂರವಾಗಿತ್ತೆಂಬುದನ್ನು ಮಲಯಾಳ ಅರ್ಜಿ ನಮೂನೆಗಳ ಮುಂದೆ ಕುಳಿತ ನಮ್ಮವರು ಊಹಿಸಬಲ್ಲರು.

1970ರಲ್ಲಿ ಕೇಂದ್ರದ ಭಾರತೀಯ ವೈದ್ಯಪದ್ಧತಿ ಪರಿಷತ್ತಿನ ಕಾಯಿದೆ ಬಂತು. ಅದರ 17ನೆಯ ವಿಧಿಯ ಪ್ರಕಾರ ಮಾನ್ಯ ವಿದ್ಯಾರ್ಹತೆ ಮತ್ತು ನೋಂದಣಿ ಎರಡೂ ಬೇಕು. ತಪ್ಪಿದರೆ ಒಂದು ವರ್ಷದವರೆಗೆ ಸೆರೆ ಅಥವಾ 1,000 ರೂಪಾಯಿಯವರೆಗೆ ದಂಡ. ಆಗಲೇ ರಾಜ್ಯದ ನೋಂದಣಿಯಲ್ಲಿದ್ದವರ ಹಕ್ಕನ್ನು ಅದು ಕಾಪಾಡಿತು. ನೋಂದಣಿ ಪುಸ್ತಕವೇ ಇಲ್ಲದ ರಾಜ್ಯಗಳಲ್ಲಿ ಐದು ವರ್ಷ ವೃತ್ತಿ ನಡೆಸಿದವರಿಗೂ ವಿನಾಯಿತಿ ಕೊಟ್ಟಿತು. ಮಹಾರಾಷ್ಟ್ರದಲ್ಲಿ ನೋಂದಣಿ ವ್ಯವಸ್ಥೆ ಮೊದಲೇ ಇದ್ದುದರಿಂದ ಈ ಎರಡನೆಯ ವಿನಾಯಿತಿ ಉಮರ್ಗಾದ ವೈದ್ಯನಿಗೆ ದಕ್ಕಲಿಲ್ಲ. 2020ರಲ್ಲಿ ಈ ಕಾಯಿದೆಯ ಜಾಗಕ್ಕೆ ರಾಷ್ಟ್ರೀಯ ಆಯೋಗದ ಹೊಸ ಕಾಯಿದೆ ಬಂದಿದೆ. ಹಳೆಯ ಬಾಗಿಲುಗಳು ಅದರಲ್ಲಿ ಮತ್ತೆ ತೆರೆದಿಲ್ಲ. 1961ರಲ್ಲಿ 25 ವರ್ಷದವನಾಗಿ ಪಟ್ಟಿಗೆ ಸೇರಿದವನು ಬದುಕಿದ್ದರೆ ಇಂದು ತೊಂಬತ್ತರ ಆಸುಪಾಸು. ಪಟ್ಟಿ ತಾನಾಗಿಯೇ ಬರಿದಾಗುತ್ತಿದೆ.

ನಡುವೆ ಇನ್ನೊಂದು ಅಡ್ಡದಾರಿ ಇತ್ತು. ಪ್ರಯಾಗದ ಹಿಂದಿ ಸಾಹಿತ್ಯ ಸಮ್ಮೇಲನವು ಕೊಡುತ್ತಿದ್ದ ವೈದ್ಯ ವಿಶಾರದ, ಆಯುರ್ವೇದ ರತ್ನ ಮುಂತಾದ ಪದವಿಗಳನ್ನು ಹೆಸರಿನ ಮುಂದೆ ಹಾಕಿಕೊಂಡು ದೇಶದಾದ್ಯಂತ ಅನೇಕರು ದವಾಖಾನೆ ತೆರೆದರು. 1967ರ ನಂತರ ಕೊಟ್ಟ ಈ ಪದವಿಗಳಿಗೆ ಮಾನ್ಯತೆ ಇಲ್ಲವೆಂದು ಸುಪ್ರೀಂ ಕೋರ್ಟು 2010ರಲ್ಲಿ ಸ್ಪಷ್ಟಪಡಿಸಿತು. ಅಲ್ಲಿಗೆ ಆ ದಾರಿಯೂ ಮುಚ್ಚಿತು. ಇನ್ನು ಉಳಿದದ್ದು ಕಾಲೇಜಿನ ದಾರಿ. ಉದಗೀರಿನಲ್ಲಿಯೇ ಆಯುರ್ವೇದ ಕಾಲೇಜು ಇದೆ. ಆದರೆ ಅಲ್ಲಿಗೆ ಹೋಗಬೇಕಾದರೆ ವಿಜ್ಞಾನ ಓದಿ ನೀಟ್ ಪರೀಕ್ಷೆ ಗೆಲ್ಲಬೇಕು. ಅಜ್ಜನಿಂದ ಕಲಿತ ಎಲುಬಿನ ವಿದ್ಯೆಗೆ ಅಲ್ಲಿ ಒಂದು ಅಂಕವೂ ಇಲ್ಲ.

ಕಾಯಿದೆಯೇ ಎರಡು ನಾಲಿಗೆಯಲ್ಲಿ

ವಿಚಿತ್ರವೆಂದರೆ ಬೇರೆ ಕಾಯಿದೆಗಳು ಇದೇ ವೈದ್ಯನನ್ನು ಹೆಸರಿಟ್ಟು ಗೌರವಿಸುತ್ತವೆ. 1940ರ ಔಷಧ ಮತ್ತು ಪ್ರಸಾಧನ ಸಾಮಗ್ರಿಗಳ ಕಾಯಿದೆಯ ಪ್ರಕಾರ ಆಯುರ್ವೇದ, ಸಿದ್ಧ, ಯುನಾನಿ ಔಷಧ ತಯಾರಿಸಲು ಪರವಾನಗಿ ಬೇಕು. ಆದರೆ ತಮ್ಮ ರೋಗಿಗಳಿಗೆಂದು ಔಷಧ ತಯಾರಿಸುವ ವೈದ್ಯರು ಮತ್ತು ಹಕೀಮರಿಗೆ ಅದು ಬೇಕಿಲ್ಲ. 2002ರ ಜೀವವೈವಿಧ್ಯ ಕಾಯಿದೆಯ 7ನೆಯ ವಿಧಿಯೂ ಹಾಗೆಯೇ. ಗಿಡಮೂಲಿಕೆಯನ್ನು ವಾಣಿಜ್ಯಕ್ಕೆ ಬಳಸುವವರು ಜೀವವೈವಿಧ್ಯ ಮಂಡಳಿಗೆ ಮುಂಚಿತವಾಗಿ ತಿಳಿಸಬೇಕೆಂದ ಆ ವಿಧಿ, ದೇಶೀ ವೈದ್ಯ ನಡೆಸಿಕೊಂಡು ಬಂದ ವೈದ್ಯರು, ಹಕೀಮರು ಮತ್ತು ಸ್ಥಳೀಯರನ್ನು ಅದರಿಂದ ಹೊರಗಿಟ್ಟಿತು.

ಅಂದರೆ ಒಂದು ಕಾಯಿದೆ ಬೇರನ್ನು ಕಿತ್ತು ತರಲು ಬಿಡುತ್ತದೆ, ಇನ್ನೊಂದು ಅದನ್ನು ಕುಟ್ಟಿ ಚೂರ್ಣ ಮಾಡಲು ಬಿಡುತ್ತದೆ, ಮೂರನೆಯದು ಅದನ್ನು ರೋಗಿಯ ಕೈಗೆ ಕೊಟ್ಟೊಡನೆ ಹಿಡಿಯುತ್ತದೆ. ವೈದ್ಯ ಎಂಬ ಮಾತಿನ ಅರ್ಥ ನೋಂದಾಯಿತ ವೈದ್ಯ ಎಂದೇ ಎಂದು ವಕೀಲರು ವಾದಿಸಬಹುದು. ಹಳ್ಳಿಯವನಿಗೆ ಆ ವಾದ ಅರ್ಥವಾಗುವುದಿಲ್ಲ.

ಕಾನೂನು ಬಿಗಿಯಾದಾಗ ಚಿಕಿತ್ಸೆ ನಿಲ್ಲುವುದಿಲ್ಲ, ಹೆಸರು ಬದಲಾಗುತ್ತದೆ. ಹೈದರಾಬಾದಿನಲ್ಲಿ ಮೃಗಶಿರಾ ದಿನ ಅಸ್ತಮಾ ರೋಗಿಗಳಿಗೆ ನುಂಗಿಸುವ ಮೀನಿನ ಮದ್ದನ್ನೇ ನೋಡಿ. ಮಹಾರಾಷ್ಟ್ರ, ಕರ್ನಾಟಕಗಳಿಂದಲೂ ಜನ ಅಲ್ಲಿಗೆ ಹೋಗುತ್ತಾರೆ. ವಿಚಾರವಾದಿಗಳ ಆಕ್ಷೇಪ ಮತ್ತು ಕೋರ್ಟಿನ ವ್ಯವಹಾರಗಳ ನಂತರ ಮದ್ದು ಎಂಬ ಹೆಸರು ಹೋಗಿ ಪ್ರಸಾದ ಎಂಬ ಹೆಸರು ಬಂತು. ಮದ್ದಾದರೆ ಪರೀಕ್ಷಿಸಿ ನೋಡಬಹುದು, ಪ್ರಸಾದವನ್ನು ಯಾರು ಪರೀಕ್ಷಿಸುತ್ತಾರೆ?

ಪದವಿ ಇದ್ದವರ ಗಡಿ

ನಿರ್ಬಂಧ ಪದವಿಯಿಲ್ಲದವರಿಗೆ ಮಾತ್ರ ಎಂದು ತಿಳಿಯಬಾರದು. ಆಯುರ್ವೇದ, ಹೋಮಿಯೋಪತಿ ಓದಿದವರೂ ತಮ್ಮ ಪದ್ಧತಿಯನ್ನು ದಾಟಿ ಅಲೋಪತಿ ಔಷಧ ಕೊಡಬಹುದೇ ಎಂಬುದು ಹಳೆಯ ವಿವಾದ. ಮುಂಬಯಿಯ ಪೂನಂ ವರ್ಮ ಮೊಕದ್ದಮೆಯಲ್ಲಿ, ಹೋಮಿಯೋಪತಿ ವೈದ್ಯರೊಬ್ಬರು ಜ್ವರದ ರೋಗಿಗೆ ಅಲೋಪತಿ ಔಷಧ ಕೊಟ್ಟು ರೋಗಿ ತೀರಿಕೊಂಡಿದ್ದರು. ತಾನು ಕಲಿಯದ ಪದ್ಧತಿಯಲ್ಲಿ ಚಿಕಿತ್ಸೆ ಮಾಡುವುದೇ ನಿರ್ಲಕ್ಷ್ಯವೆಂದು 1996ರಲ್ಲಿ ಸುಪ್ರೀಂ ಕೋರ್ಟು ಹೇಳಿ 3 ಲಕ್ಷ ರೂಪಾಯಿ ಪರಿಹಾರ ಕೊಡಿಸಿತು. 1998ರ ಮುಖ್ತಿಯಾರ್ ಚಂದ್ ಮೊಕದ್ದಮೆಯಲ್ಲಿ, ರಾಜ್ಯದ ಕಾನೂನು ಆ ಹಕ್ಕನ್ನು ಮಾನ್ಯ ಮಾಡಿದ್ದರೆ ಮಾತ್ರ ಆ ರಾಜ್ಯದಲ್ಲಿ ಭಾರತೀಯ ಪದ್ಧತಿಯ ವೈದ್ಯರು ಆಧುನಿಕ ಔಷಧ ಬರೆಯಬಹುದು ಎಂದಿತು.

ಮಹಾರಾಷ್ಟ್ರ ಸರಕಾರ 1992ರಲ್ಲಿಯೇ ಕೆಲವು ವರ್ಗದ ಆಯುರ್ವೇದ ಪದವೀಧರರಿಗೆ ಈ ಅನುಮತಿ ಕೊಟ್ಟಿತ್ತು. 2014ರಲ್ಲಿ ಒಂದು ವರ್ಷದ ಔಷಧಶಾಸ್ತ್ರದ ತರಬೇತಿ ಪಡೆದ ಹೋಮಿಯೋಪತಿಯವರಿಗೂ ದಾರಿ ಮಾಡಿತು. ಇವರ ಹೆಸರನ್ನು ರಾಜ್ಯ ವೈದ್ಯಕೀಯ ಪರಿಷತ್ತಿನಲ್ಲಿ ನೋಂದಾಯಿಸುವ ಕ್ರಮಕ್ಕೆ 2025ರಲ್ಲಿ ಸರಕಾರ ಮುಂದಾದಾಗ ಅಲೋಪತಿ ವೈದ್ಯರು ಸೆಪ್ಟೆಂಬರಿನಲ್ಲಿ ಮುಷ್ಕರ ಹೂಡಿದರು. ಕರ್ನಾಟಕದ ಖಾಸಗಿ ಆಯುರ್ವೇದ ವೈದ್ಯರಿಗೆ ಅಂತಹ ಸಾರ್ವತ್ರಿಕ ಅನುಮತಿ ಇಲ್ಲ. ಆದುದರಿಂದ ನಿಲಂಗಾದಲ್ಲಿ ಕುಳಿತು ಆಂಟಿಬಯೋಟಿಕ್ ಬರೆಯಬಲ್ಲ ವೈದ್ಯರೊಬ್ಬರು ಭಾಲ್ಕಿಗೆ ಬಂದು ಅದನ್ನೇ ಬರೆದರೆ ತಪ್ಪಿತಸ್ಥರಾಗುತ್ತಾರೆ. ರೋಗಿ ಒಬ್ಬನೇ, ರೋಗ ಒಂದೇ, ಓದಿದ ಪುಸ್ತಕವೂ ಒಂದೇ. ನಡುವೆ ಒಂದು ಗಡಿಕಲ್ಲು. ರಾಜ್ಯದ ಗಡಿ ರೋಗಿಗೆ ಏನು ಮಾಡಬಲ್ಲದೆಂದು 2020ರ ಮಾರ್ಚಿನಲ್ಲಿ ತಲಪಾಡಿಯ ರಸ್ತೆ ಮುಚ್ಚಿದಾಗ ನಾವು ಕಣ್ಣಾರೆ ಕಂಡಿದ್ದೇವೆ. ಅದರ ವಿವರಣೆ ಇಲ್ಲಿ ಬೇಕಿಲ್ಲ.

ಹಾವು ಕಚ್ಚಿದಾಗ

ಇಷ್ಟು ಹೇಳಿದ ಮೇಲೆ ನಾವು ನಾಟಿ ವೈದ್ಯರ ಪರ ವಕಾಲತ್ತು ವಹಿಸುತ್ತಿದ್ದೇವೆಂದು ಯಾರೂ ಭಾವಿಸಬಾರದು. ನಾಣ್ಯದ ಇನ್ನೊಂದು ಮುಖವೂ ನಮಗೆ ಗೊತ್ತಿದೆ. ನಮ್ಮ ಶಾಲೆಯ ಹುಡುಗನೊಬ್ಬನಿಗೆ ಮುಸ್ಸಂಜೆಯ ಹೊತ್ತು ತೋಟದಲ್ಲಿ ಕೊಳಕುಮಂಡಲ ಕಚ್ಚಿತು. ಮನೆಯವರು ಮೊದಲು ಕರೆದೊಯ್ದದ್ದು ಮದ್ದು ಕೊಡುವವರ ಬಳಿಗೆ. ಸೊಪ್ಪಿನ ರಸ ಕುಡಿಸಿ, ಕಚ್ಚಿದಲ್ಲಿ ಹಚ್ಚಿ, ಮೂರು ಗಂಟೆ ಕಳೆಯಿತು. ಮೂತ್ರದಲ್ಲಿ ರಕ್ತ ಕಂಡ ಮೇಲೆ ಮಂಗಳೂರಿಗೆ ಓಡಿದರು. ಹುಡುಗ ಉಳಿದನು, ಆದರೆ ಮೂತ್ರಪಿಂಡ ಕೆಟ್ಟು ವಾರಗಟ್ಟಲೆ ಡಯಾಲಿಸಿಸ್ ಬೇಕಾಯಿತು. ಆ ವರ್ಷ ಅವನು ಎಸ್ಸೆಸ್ಸೆಲ್ಸಿ ಪರೀಕ್ಷೆಗೆ ಕೂರಲಿಲ್ಲ. ಮದ್ದು ಕೊಟ್ಟವರು ಹಣ ಮುಟ್ಟಿರಲಿಲ್ಲ. ಅವರ ಮನಸ್ಸಿನಲ್ಲಿ ಮೋಸವಿರಲಿಲ್ಲ. ಆದರೆ ಕಳೆದುಹೋದ ಮೂರು ಗಂಟೆಯನ್ನು ಒಳ್ಳೆಯ ಮನಸ್ಸು ಮರಳಿ ತರಲಾರದು.

ಹಾವು ಕಚ್ಚಿದ ಎಷ್ಟೋ ಪ್ರಸಂಗಗಳಲ್ಲಿ ಹಾವು ವಿಷದ್ದಲ್ಲ, ವಿಷದ್ದಾದರೂ ಕೆಲವೊಮ್ಮೆ ವಿಷ ಇಳಿದಿರುವುದಿಲ್ಲ. ಆಗ ಯಾವ ಸೊಪ್ಪು ಕೊಟ್ಟರೂ ರೋಗಿ ಬದುಕುತ್ತಾನೆ, ಸೊಪ್ಪಿಗೆ ಕೀರ್ತಿ ಬರುತ್ತದೆ. ನಿಜವಾಗಿ ವಿಷ ಏರಿದ ದಿನ ಆ ಕೀರ್ತಿಯೇ ಮೃತ್ಯುವಾಗುತ್ತದೆ. ನಾಗರ, ಕಟ್ಟುಹಾವು, ಕೊಳಕುಮಂಡಲ, ಗರಗಸ ಮಂಡಲ, ಈ ನಾಲ್ಕರ ವಿಷಕ್ಕೆ ಪ್ರತಿವಿಷದ ಚುಚ್ಚುಮದ್ದಿನ ಹೊರತು ಬೇರೆ ಮದ್ದಿಲ್ಲ.

ಈ ವಿಷಯದಲ್ಲಿ ಮಹಾರಾಷ್ಟ್ರ ಒಂದು ಒಳ್ಳೆಯ ಹೆಜ್ಜೆ ಇಟ್ಟಿದೆ. 2013ರ ಆಗಸ್ಟ್ 20ರಂದು ಪುಣೆಯಲ್ಲಿ ಡಾ. ನರೇಂದ್ರ ದಾಭೋಳಕರ ಅವರ ಕೊಲೆಯಾದ ನಂತರ ಬಂದ ಮಾಟಮಂತ್ರ ವಿರೋಧಿ ಕಾಯಿದೆಯಲ್ಲಿ, ನಾಯಿ, ಹಾವು, ಚೇಳು ಕಚ್ಚಿದವರನ್ನು ವೈದ್ಯಕೀಯ ಚಿಕಿತ್ಸೆಯಿಂದ ತಡೆದು ಮಂತ್ರ ತಂತ್ರ, ತಾಯಿತ ದಾರಗಳನ್ನು ಕೊಡುವುದು ಅಪರಾಧ. ಶಿಕ್ಷೆ 6 ತಿಂಗಳಿನಿಂದ 7 ವರ್ಷದವರೆಗೆ ಸೆರೆ, 5,000ದಿಂದ 50,000 ರೂಪಾಯಿವರೆಗೆ ದಂಡ. ಕರ್ನಾಟಕದ 2017ರ ಕಾಯಿದೆಯಲ್ಲಿಯೂ ಇಂತಹುದೇ ವಿಧಿ ಇದೆ. ಹೀಗಾಗಿ ಗಡಿಯ ಈಚೆ ಆಚೆ ಎರಡೂ ಕಡೆ ಒಂದೇ ನಿಯಮ. ಕೇರಳದಲ್ಲಿ ಅಂತಹ ಕಾಯಿದೆಯ ಬಗ್ಗೆ ಮಾತು ನಡೆದಿದೆ, ಕಾಯಿದೆ ಬಂದಿಲ್ಲ. ಈ ವಿಧಿಯ ಗುಣವೆಂದರೆ ಅದು ವೈದ್ಯನ ಪದವಿಯನ್ನು ಕೇಳುವುದಿಲ್ಲ. ರೋಗಿಯನ್ನು ಆಸ್ಪತ್ರೆಯಿಂದ ತಡೆದೆಯಾ ಎಂದು ಮಾತ್ರ ಕೇಳುತ್ತದೆ.

ಮರಾಠವಾಡದ ಜಾಲ್ನಾ ಜಿಲ್ಲೆಯ ಹಳ್ಳಿಯಲ್ಲಿ ಹುಟ್ಟಿದ ಡಾ. ಹಿಮ್ಮತರಾವ್ ಬಾವಸ್ಕರ್ ಅವರನ್ನು ಇಲ್ಲಿ ನೆನೆಯಬೇಕು. ಕೊಂಕಣದ ಮಹಾಡದಲ್ಲಿ ಅವರು ಕೆಂಪು ಚೇಳಿನ ಕಡಿತದಿಂದ ಮಕ್ಕಳು ಸಾಯುವುದನ್ನು ಕಂಡು, ರಕ್ತದೊತ್ತಡಕ್ಕೆ ಕೊಡುವ ಪ್ರಾಜೋಸಿನ್ ಎಂಬ ಮಾತ್ರೆ ಅದಕ್ಕೆ ನಾಟುವುದನ್ನು ತೋರಿಸಿಕೊಟ್ಟರು. ಮದ್ದು ಸಿಕ್ಕಿತು ಎಂದಷ್ಟೇ ಹೇಳಿ ಅವರು ಸುಮ್ಮನಾಗಲಿಲ್ಲ. ಯಾರಿಗೆ ಕೊಟ್ಟೆ, ಎಷ್ಟು ಮಂದಿ ಬದುಕಿದರು, ಎಷ್ಟು ಮಂದಿ ಸತ್ತರು ಎಂದು ಬರೆದಿಟ್ಟು ಪ್ರಕಟಿಸಿದರು. ನಾಟಿ ವೈದ್ಯದಲ್ಲಿ ನಾವು ಕಾಣದಿರುವುದು ಇದನ್ನು. ಗುಣವಾದವರ ಲೆಕ್ಕ ಊರಿಗೆಲ್ಲ ಗೊತ್ತು, ಕೆಟ್ಟುಹೋದವರ ಲೆಕ್ಕ ಯಾರ ಬಳಿಯೂ ಇಲ್ಲ.

ಏನು ಮಾಡಬೇಕು?

ಮಹಾರಾಷ್ಟ್ರದಲ್ಲಿ ನಕಲಿ ವೈದ್ಯರನ್ನು ಪತ್ತೆಹಚ್ಚಲು ಜಿಲ್ಲಾ ಮತ್ತು ತಾಲೂಕು ಮಟ್ಟದ ಬೋಗಸ್ ಡಾಕ್ಟರ್ ಶೋಧ ಸಮಿತಿಗಳಿವೆ. ಅವು ಬೇಕು. ಯಾವ ಓದೂ ಇಲ್ಲದೆ ಸ್ಟೆರಾಯ್ಡ್ ಚುಚ್ಚುವವನು, ಒಂದೇ ಸೂಜಿಯನ್ನು ಹತ್ತು ಜನರಿಗೆ ಬಳಸುವವನು, ಚೂರ್ಣದಲ್ಲಿ ಅಲೋಪತಿ ಮಾತ್ರೆ ಬೆರೆಸುವವನು, ಇವರ ಬಗ್ಗೆ ದಾಕ್ಷಿಣ್ಯ ಸಲ್ಲದು. ಆದರೆ ಇವರನ್ನೂ, ಸೂಜಿ ಮುಟ್ಟದ ಆ ಎಲುಬಿನ ಅಜ್ಜನನ್ನೂ ಒಂದೇ ಹಗ್ಗದಲ್ಲಿ ಕಟ್ಟುವುದು ನ್ಯಾಯವಲ್ಲ. ಮಹಾರಾಷ್ಟ್ರದಲ್ಲಿ ವೈದು ಎಂಬ ಅಲೆಮಾರಿ ಸಮುದಾಯವೇ ಇದೆ. ಜಡಿಬೂಟಿ ಮಾರುವುದು ಅವರ ಕುಲಕಸಬು. ಬೇರೆ ಕಸಬು ಕೊಡದೆ ಇದ್ದ ಕಸಬನ್ನು ಅಪರಾಧವೆಂದರೆ ಅವರು ಎಲ್ಲಿಗೆ ಹೋಗಬೇಕು?

ಜನ ನಾಟಿ ವೈದ್ಯರ ಬಳಿಗೆ ಹೋಗುವುದು ಮೂಢನಂಬಿಕೆಯಿಂದಲೇ ಎಂದು ಪೇಟೆಯವರು ತಿಳಿಯುತ್ತಾರೆ. ಅರ್ಧ ನಿಜ ಅಷ್ಟೆ. ಹಣ ಕಡಿಮೆ, ದಾರಿ ಹತ್ತಿರ, ಎಲ್ಲಕ್ಕಿಂತ ಮೇಲಾಗಿ ಮಾತು ತಿಳಿಯುತ್ತದೆ. ಎದೆಯ ಉರಿ, ಕಾಲಿನ ಜುಮು, ಹೊಟ್ಟೆಯ ತಳಮಳ, ಇವುಗಳನ್ನು ಬೇರೆ ಭಾಷೆಯಲ್ಲಿ ಹೇಳಲಾರದೆ ಕಣ್ಣು ಕಣ್ಣು ಬಿಡುವ ಮುದುಕಿಗೆ ತನ್ನ ಮಾತು ಬಲ್ಲ ವೈದ್ಯನೇ ದೊಡ್ಡ ವೈದ್ಯ. ಭಾಷಾ ಅಲ್ಪಸಂಖ್ಯಾತರ ಹಕ್ಕೆಂದರೆ ಶಾಲೆ ಮತ್ತು ಕಚೇರಿ ಮಾತ್ರ ಎಂದು ನಾವು ಇಷ್ಟು ಕಾಲ ಹೋರಾಡಿದೆವು. ಆಸ್ಪತ್ರೆಯ ಚೀಟಿಯ ಕಿಟಕಿಯೂ ಅದರಲ್ಲಿ ಸೇರಬೇಕು.

ಆದುದರಿಂದ ನಮಗೆ ತೋಚುವ ಕೆಲವು ಸಲಹೆಗಳು ಇಲ್ಲಿವೆ.

ಮೊದಲನೆಯದು, ಉಳಿದಿರುವ ನಾಟಿ ವೈದ್ಯರ ಗಣತಿ ಮತ್ತು ಅವರ ವಿದ್ಯೆಯ ದಾಖಲೆ. ಬೆಂಗಳೂರಿನಲ್ಲಿ 1993ರಲ್ಲಿ ಆರಂಭವಾದ ಎಫ್‌ಆರ್‌ಎಲ್‌ಎಚ್‌ಟಿ ಸಂಸ್ಥೆ ಮತ್ತು ಭಾರತ ಗುಣಮಟ್ಟ ಪರಿಷತ್ತು ಸೇರಿ, ಸಮುದಾಯದ ವೈದ್ಯರನ್ನು ಪರೀಕ್ಷಿಸಿ ಪ್ರಮಾಣಪತ್ರ ಕೊಡುವ ಸ್ವಯಂಪ್ರೇರಿತ ಯೋಜನೆಯೊಂದನ್ನು ರೂಪಿಸಿವೆ. ಆ ಪ್ರಮಾಣಪತ್ರದಿಂದ ವೃತ್ತಿಯ ಹಕ್ಕು ಬರುವುದಿಲ್ಲ ಎಂಬುದು ಅದರ ದೊಡ್ಡ ಕೊರತೆ. ಶಾಸನ ಮಾಡುವವರು ಇದನ್ನು ತುಂಬಬೇಕು.

ಎರಡನೆಯದು, ಮಾಡಬಹುದಾದ ಮತ್ತು ಮಾಡಬಾರದ ಕೆಲಸಗಳ ಸ್ಪಷ್ಟ ಪಟ್ಟಿ. ಉಳುಕು, ಸರಳ ಮುರಿತ, ವಾತದ ನೋವು ಇವುಗಳಿಗೆ ಮಿತಿಯೊಳಗೆ ಅವಕಾಶವಿರಲಿ. ವಿಷಕಡಿತ, ಹುಚ್ಚುನಾಯಿ ಕಡಿತ, ಕಾಮಾಲೆ, ಮಕ್ಕಳ ಜ್ವರ, ಗರ್ಭಿಣಿಯರ ತೊಂದರೆಗಳನ್ನು ಕೂಡಲೇ ಆಸ್ಪತ್ರೆಗೆ ಕಳಿಸಬೇಕು. ಕಳಿಸದಿದ್ದರೆ ಶಿಕ್ಷೆ.

ಮೂರನೆಯದು, ಗಡಿಯ ತಾಲೂಕುಗಳ ಆರೋಗ್ಯ ಕೇಂದ್ರಗಳಲ್ಲಿ ಪ್ರತಿವಿಷ ಸದಾ ಇರಬೇಕು, ಎರಡು ಭಾಷೆ ಬಲ್ಲ ಒಬ್ಬರಾದರೂ ಇರಬೇಕು. ಅಲ್ಲಿ ಮದ್ದಿಲ್ಲದಿದ್ದರೆ ಇಲ್ಲಿ ಕಾಯಿದೆ ಮಾಡಿ ಪ್ರಯೋಜನವಿಲ್ಲ.

1961ರಲ್ಲಿ ಒಂದು ಸಲ ಪಟ್ಟಿ ಮಾಡಿದಾಗ ಗಡಿಯ ಜನ ದಾರಿ ತಿಳಿಯದೆ ಹೊರಗುಳಿದರು. ಇನ್ನೊಂದು ಪಟ್ಟಿ ಆಗುವುದಾದರೆ ಅರ್ಜಿ ಅವರ ಭಾಷೆಯಲ್ಲಿರಲಿ, ಅಧಿಕಾರಿ ಅವರ ಬಾಗಿಲಿಗೆ ಹೋಗಲಿ. ಬಹಳ ತಡ ಮಾಡಿದರೆ ಪಟ್ಟಿಗೆ ಸೇರಿಸಲು ಹೆಸರುಗಳೇ ಉಳಿಯಲಿಕ್ಕಿಲ್ಲ. ಉಮರ್ಗಾದ ಆ ವೃದ್ಧರು ಮಗನಿಗೆ ಕಲಿಸಲಿಲ್ಲ. ಅವರಿಗೆ ಗೊತ್ತಿದ್ದುದರಲ್ಲಿ ಎಷ್ಟು ಸತ್ಯ, ಎಷ್ಟು ಸುಳ್ಳು ಎಂಬುದನ್ನು ಪರೀಕ್ಷಿಸಿ ನೋಡುವ ಅವಕಾಶವೂ ಅವರೊಂದಿಗೇ ಹೋಗಲಿದೆ. ಅಂತಹ ವೃದ್ಧರು ನಮ್ಮ ಜಿಲ್ಲೆಯಲ್ಲಿಯೂ ಇದ್ದಾರೆ ಎಂಬುದನ್ನು ಓದುಗರಿಗೆ ಬೇರೆ ಹೇಳಬೇಕಾಗಿಲ್ಲ.